ಒಂದು ಎಂಜಿನ್ ಬೋಟು ಕೊಡಿ, ಶಾಸಕರೇ

ಮಾನ್ಯ ಶಾಸಕರಿಗೆ ನಮಸ್ಕಾರ.

ನಾನು ಯಾದಗಿರಿ ಜಿಲ್ಲೆಯವನು. ನಾರಾಯಣಪುರ ಡ್ಯಾಂ ಕೆಳಗೆ, ಕೃಷ್ಣೆಯ ನಡುವಿನ ಗಡ್ಡಿಯಲ್ಲಿ ಮನೆ. ಓಟು ಕೇಳೋಕೆ ನೀವೂ ಬಂದಿದ್ದಿರಿ. ಬೇಸಿಗೆ ಇತ್ತು, ಹೊಳೆಯಲ್ಲಿ ನಡೆದೇ ಬಂದಿರಿ.

ಮಳೆಗಾಲದಲ್ಲಿ ಬಂದು ನೋಡಿ. ಮೇಲೆ ಆಲಮಟ್ಟಿ ಡ್ಯಾಂ ತುಂಬಿದರೆ ಇಲ್ಲಿ ಬಸವಸಾಗರದ, ಅಂದರೆ ಇದೇ ನಾರಾಯಣಪುರ ಡ್ಯಾಂನ ಗೇಟು ಎತ್ತುತ್ತಾರೆ. ಆಮೇಲೆ ನಮಗೆ ದಾರಿ ಇಲ್ಲ. ‘ನದಿ ದಂಡೆಯವರು ಎಚ್ಚರದಿಂದಿರಿ’ ಅಂತ ಡಂಗುರ ಹೊಡೆಸುತ್ತೀರಿ. ಎಚ್ಚರವಾಗೇ ಇದ್ದೇವೆ ಸಾಹೇಬರೇ, ರಾತ್ರಿಯೆಲ್ಲ. ಆ ಸೆಳವಿಗೆ ಬಲೆ ನಿಲ್ಲಲ್ಲ. ಹರಗೋಲು ಇಳಿಸಬೇಡಿ ಅಂತೀರಿ, ಸರಿ. ಉಣ್ಣೋದು ಏನು?

ವಯಸ್ಸಿನ ಹುಡುಗರೆಲ್ಲ ಪುಣೆ, ಬೆಂಗಳೂರು ಅಂತ ದುಡಿಯಲು ಹೋದರು. ಗಡ್ಡಿಗೆ ಹೆಣ್ಣು ಕೊಡಲ್ಲ ಅಂತ ಮೂರು ಕಡೆ ಅನಿಸಿಕೊಂಡು ನನ್ನ ತಮ್ಮನೂ ಹೊರಟ. 2019ರಲ್ಲಿ ನಮ್ಮ ಭಾಗಕ್ಕೆ ಕಲ್ಯಾಣ ಕರ್ನಾಟಕ ಅಂತ ಹೆಸರಿಟ್ಟರು. ಅವನಿಗಂತೂ ಕಲ್ಯಾಣ ಕೂಡಿ ಬರಲಿಲ್ಲ. ಅವ್ವ ಸಂಜೆಯಾದರೆ ದಂಡೆಗೆ ಹೋಗಿ ಕೂರುತ್ತಾಳೆ. ಆಚೆ ಬೈಕಿನ ಲೈಟು ಕಂಡರೆ ‘ಅವನೇ ಏನೋ ನೋಡು’ ಅಂತಾಳೆ.

ಹೋದ ಮಳೆಗಾಲದ ಒಂದು ಸಂಗತಿ ಹೇಳಲೇಬೇಕು. ಲೈಫ್ ಜಾಕೆಟ್ ಕೊಡ್ತೀವಿ ಬನ್ನಿ ಅಂತ ಆಚೆ ದಂಡೆಗೆ ಕರೆದರು. ನೀರು ಏರುತ್ತಿತ್ತು. ಅವ್ವನ ಬಿಪಿ ಮಾತ್ರೆಯೂ ಮುಗಿದಿತ್ತು, ಅವಳನ್ನೂ ಕೂರಿಸಿಕೊಂಡು ಹೋದೆ. ನನಗೆ ಕೇಸರಿ ಬಣ್ಣದ್ದೊಂದು ತೊಡಿಸಿದರು, ಬೆಲ್ಟು ಬಿಗಿದರು. ಹೊಸ ಪ್ಲಾಸ್ಟಿಕ್ಕಿನ ವಾಸನೆ. ಹರಗೋಲಿನಲ್ಲಿ ನಿಲ್ಲಿಸಿ ‘ಸ್ವಲ್ಪ ನಗಪ್ಪಾ’ ಅಂದರು. ನಕ್ಕೆ. ಫೋಟೋ ಆಯ್ತು. ಬಿಚ್ಚಿಸಿಕೊಂಡರು! ಮುಂದಿನ ಊರಲ್ಲೂ ಫೋಟೋ ತೆಗೀಬೇಕಂತೆ.

ವಾಪಸ್ ಬರುವಾಗ ಹರಗೋಲಿನ ತಳದ ಡಾಂಬರು ಬಿಟ್ಟಿತು. ನಾನು ಹುಟ್ಟು ಹಾಕಿದೆ, ಅವ್ವ ಚೊಂಬಿನಲ್ಲಿ ನೀರು ಹೊರಗೆ ಚೆಲ್ಲಿದಳು. ಮಾತ್ರೆಯ ಪೊಟ್ಟಣವನ್ನು ಬಾಯಲ್ಲಿ ಕಚ್ಚಿಕೊಂಡಿದ್ದಳು, ನೆನೆಯಬಾರದು ಅಂತ. ಅದರ ಫೋಟೋ ಯಾರೂ ತೆಗೆಯಲಿಲ್ಲ.

ನಮಗೆ ಒಂದು ಎಂಜಿನ್ ಬೋಟು ಬೇಕು, ನಡೆಸೋಕೆ ಒಬ್ಬ ಮನುಷ್ಯ ಬೇಕು. ಮಳೆಗಾಲ ಮುಗಿಯೋವರೆಗೆ ದಂಡೆಯಲ್ಲೇ ಇರಬೇಕು. ಯಾವ ಲೆಕ್ಕದಲ್ಲಿ, ಯಾವ ನಿಯಮದಲ್ಲಿ ಕೊಡಬೇಕು ಅನ್ನೋದು ನನಗಿಂತ ನಿಮಗೆ ಚೆನ್ನಾಗಿ ಗೊತ್ತು. ನಮ್ಮ ಭಾಗಕ್ಕೆ ವಿಶೇಷ ಸ್ಥಾನ ಕೊಟ್ಟ ಸಂವಿಧಾನದ 371(ಜೆ) ವಿಧಿ ಬಗ್ಗೆ ನಿಮ್ಮ ಭಾಷಣವೇ ಕೇಳಿದ್ದೇನೆ. ಸೇತುವೆ ಆಮೇಲೆ ಮಾತಾಡೋಣ, ಮೊದಲು ಬೋಟು. ಜನವರಿ 21ಕ್ಕೆ ಅಂಬಿಗರ ಚೌಡಯ್ಯನ ಜಯಂತಿಗೆ ಹಾರ ಹಾಕೋಕೆ ಬಂದೇ ಬರ್ತೀರಿ. ಅಷ್ಟು ದಿನ ಕಾಯೋಕೆ ಆಗಲ್ಲ. ಗೇಟು ಎತ್ತೋ ಮೊದಲೇ ಬೋಟು ಕಳಿಸಿ.

ಫೋಟೋ ಎಷ್ಟು ಬೇಕಾದರೂ ತೆಗೆದುಕೊಳ್ಳಿ, ನಗ್ತೀನಿ. ಬೋಟು ಮಾತ್ರ ವಾಪಸ್ ಒಯ್ಯಬೇಡಿ.

ಇಂತಿ,
ಗಡ್ಡಿಯ ಒಬ್ಬ ಅಂಬಿಗ