ಆ 'ಟಿ' ತೆಗೆಯುವ ಮಾತಿಗೆ

ದೋಸ್ತ,

ಮೊನ್ನೆ ಫೋನಿನಲ್ಲಿ ನೀನು ಒಂದು ಮಾತು ಅಂದೆ. "ಎಲ್‌ಜಿಬಿಟಿಯಲ್ಲಿ ಆ ಟಿ ಯಾಕೋ ಬೇಕು? ಅವರಿಂದಲೇ ಜನ ನಮ್ಮನ್ನೂ ಚಪ್ಪಾಳೆ ತಟ್ಟುವವರು ಅಂದುಕೊಳ್ಳುತ್ತಾರೆ." ಟಿ ಅಂದರೆ ಟ್ರಾನ್ಸ್, ಹುಟ್ಟಿದಾಗ ಬರೆಸಿದ ಲಿಂಗ ತಮ್ಮದಲ್ಲ ಅನ್ನುವವರು. ನೀನೂ ನಾನೂ ಅದರೊಳಗಿನ ಜಿ, ಗಂಡಸರನ್ನು ಇಷ್ಟಪಡುವ ಗಂಡಸರು. ನಾನು ಹೂಂ ಅಂದು ಫೋನ್ ಇಟ್ಟೆ. ಒಪ್ಪಿ ಅಲ್ಲ, ಪಕ್ಕದಲ್ಲಿ ಅಕ್ಕ ಕೂತಿದ್ದಳು. ನೋಡು, ಇಷ್ಟೇ ನಮ್ಮ ಹಣೆಬರಹ. ಜಗಳ ಆಡಬೇಕಾದರೂ ಸುತ್ತ ಯಾರಿದ್ದಾರೆ ನೋಡಬೇಕು.

ನಮ್ಮೂರಲ್ಲಿ ಮಂಗಳವಾರ, ಶುಕ್ರವಾರ ಜೋಗಪ್ಪ, ಗಂಡಾಗಿ ಹುಟ್ಟಿ ಎಲ್ಲಮ್ಮ ದೇವಿಯ ಹೆಸರಲ್ಲಿ ಸೀರೆ ಉಡುವವರು, ಬರುತ್ತಿದ್ದರಲ್ಲ, ನೆನಪಿದೆಯಾ? ಸೀರೆ, ಹಸಿರು ಬಳೆ, ಹಣೆ ತುಂಬ ಭಂಡಾರ, ಕೊರಳಲ್ಲಿ ಮುತ್ತು, ತಲೆಯ ಮೇಲೆ ಜಗ, ಅಂದರೆ ಎಲ್ಲಮ್ಮನ ಮೂರ್ತಿ ಇಟ್ಟ ಬುಟ್ಟಿ. ನಮ್ಮ ಆಯಿ ಮೊರದ ತುಂಬ ಜೋಳ ಹಾಕಿ ಕಾಲಿಗೆ ಬೀಳುತ್ತಿದ್ದಳು. ಅದೇ ಆಯಿ, ಕಾಕಾನ ಮಗ ಸೀರೆ ಉಟ್ಟು ಕನ್ನಡಿ ಮುಂದೆ ನಿಂತ ದಿನ ಒಲೆಗಿಟ್ಟಿದ್ದ ಕಟ್ಟಿಗೆ ತೆಗೆದುಕೊಂಡು ಹೊಡೆದಳು. ದೇವಿಯ ಹೆಸರಲ್ಲಿ ಮುತ್ತು ಕಟ್ಟಿಸಿಕೊಂಡರೆ ತಾಯಿ, ಸುಮ್ನೆ ಉಟ್ಟರೆ ಮನೆತನಕ್ಕೆ ಕಳಂಕ. ಭರತ ಹುಣ್ಣಿಮೆಗೆ ಸವದತ್ತಿ ಗುಡ್ಡದಲ್ಲಿ ಉಧೋ ಉಧೋ ಅಂತ ಅವರಿಂದ ಭಂಡಾರ ಹಚ್ಚಿಸಿಕೊಳ್ಳುವ ಜನರೇ, ಅವರು ಬೆಳಗಾವಿಗೆ ಬಂದು ಬಾಡಿಗೆ ಮನೆ ಕೇಳಿದರೆ ಖಾಲಿ ಇಲ್ಲ ಅನ್ನುತ್ತಾರೆ.

ಅಂದಹಾಗೆ, ಜೋಗಪ್ಪನನ್ನು ಕೇಳಿದರೆ 'ನಾವು ಎಲ್ಲಮ್ಮನ ಮಕ್ಕಳು' ಅನ್ನುತ್ತಾರೆಯೇ ಹೊರತು 'ಟ್ರಾನ್ಸ್' ಅಂತ ಎಲ್ಲರೂ ಹೇಳುವುದಿಲ್ಲ. ನಮ್ಮ ಇಂಗ್ಲಿಷ್ ಅಕ್ಷರಗಳ ಸಾಲಿನಲ್ಲಿ ಕೂರಲು ಅವರೇನೂ ಅರ್ಜಿ ಹಾಕಿಲ್ಲ. ಹೊರಗೆ ಹಾಕುವ ಮಾತು ಆಡುತ್ತಿರುವವರು ನಾವು.

ನಿನಗೆ ಇದುವರೆಗೆ ಹೇಳದ ಒಂದು ವಿಷಯ ಇದೆ. 2016ರಲ್ಲಿ ಡೇಟಿಂಗ್ ಆ್ಯಪಿನಲ್ಲಿ ಪರಿಚಯ ಆದವನೊಬ್ಬ ಸಂಜೆ ಬಸ್ ನಿಲ್ದಾಣದ ಹಿಂದಿನ ಓಣಿಗೆ ಕರೆದ. ಹೋದರೆ ಮೂರು ಜನ ಇದ್ದರು. ಫೋನ್ ಕಿತ್ತುಕೊಂಡರು, ಎಟಿಎಂಗೆ ನಡಿ ಅಂದರು, ಇಲ್ಲದಿದ್ದರೆ ನಿಮ್ಮಪ್ಪನಿಗೆ ಫೋನ್ ಮಾಡ್ತೀವಿ ಅಂತ ನಂಬರ್ ತೆಗೆದರು. ಪೊಲೀಸರ ಹತ್ತಿರ ಹೋಗುವಂತಿಲ್ಲ, ಗಂಡು ಗಂಡಿನ ಸಂಬಂಧವನ್ನೂ ಅಪರಾಧ ಮಾಡಿದ್ದ 377ನೇ ಕಲಂ ಇನ್ನೂ ಇತ್ತು, ಕಳ್ಳರಿಗಿಂತ ಮೊದಲು ನಾನೇ ಒಳಗೆ ಹೋಗುತ್ತಿದ್ದೆ. ಆಗ ಅಂಗಡಿ ಅಂಗಡಿ ಬೇಡುವ ಮಂಗಳಮುಖಿಯರು ಇಬ್ಬರು ಆ ದಾರಿಯಲ್ಲಿ ಬಂದರು. "ಯಾಕ್ರೋ, ಹುಡುಗನ್ನ ಯಾಕ ಹಿಡಕೊಂಡೀರಿ?" ಅಂತ ಚಪ್ಪಾಳೆ ತಟ್ಟಿ ಕೂಗಿದ ಕೂಗಿಗೆ ಓಣಿಯೆಲ್ಲ ಹೊರಗೆ ಬಂತು. ಆ ಮೂವರು ಫೋನ್ ಬಿಸಾಕಿ ಓಡಿದರು. ಹೌದು, ನಿನಗೆ ನಾಚಿಕೆ ತರುವ ಅದೇ ಚಪ್ಪಾಳೆ. ಆ ಇಬ್ಬರಲ್ಲಿ ದೊಡ್ಡವರು "ಮನಿಗ್ ಹೋಗು ತಮ್ಮಾ" ಅಂದರು, ಅಷ್ಟೇ. ಹೆಸರೂ ಕೇಳಲಿಲ್ಲ.

ಒಂದು ವಾರ ಆದ ಮೇಲೆ ಆಫೀಸಿನವರ ಜೊತೆ ಅಲ್ಲೇ ಚಹಾ ಕುಡಿಯುತ್ತಿದ್ದೆ. ಆ ದೊಡ್ಡವರು ಬಂದರು. ನನ್ನ ಎದೆ ಹೊಡೆದುಕೊಳ್ಳತೊಡಗಿತು. ಗುರುತು ಹಿಡಿದರು, ಅದು ಕಣ್ಣಲ್ಲೇ ಗೊತ್ತಾಯಿತು. ನಾನು ಮುಖ ತಿರುಗಿಸುವ ಮೊದಲೇ ಅವರೇ ತಿರುಗಿಸಿಕೊಂಡು, ನಮ್ಮ ಟೇಬಲ್ ಬಿಟ್ಟು ಮುಂದಿನ ಅಂಗಡಿಗೆ ಹೋದರು. ಆ ದಿನದ ಹತ್ತು ರೂಪಾಯಿಯನ್ನೂ ಬಿಟ್ಟರು.

ಇನ್ನು ಕಾನೂನಿನ ಮಾತು. 2013ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ 377 ಅನ್ನು ಮತ್ತೆ ನಮ್ಮ ತಲೆ ಮೇಲೆ ಕೂರಿಸಿತು. ನಾಲ್ಕು ತಿಂಗಳಲ್ಲಿ, 2014ರ ಏಪ್ರಿಲ್ 15ಕ್ಕೆ, ಅದೇ ಕೋರ್ಟು ನಾಲ್ಸಾ (ರಾಷ್ಟ್ರೀಯ ಕಾನೂನು ಸೇವಾ ಪ್ರಾಧಿಕಾರ) ಹಾಕಿದ ಕೇಸಿನಲ್ಲಿ ಟ್ರಾನ್ಸ್ ಜನರಿಗೆ ತಮ್ಮ ಲಿಂಗ ಯಾವುದೆಂದು ತಾವೇ ಹೇಳುವ ಹಕ್ಕಿದೆ ಅಂದಿತು. 2018ರ ಸೆಪ್ಟೆಂಬರ್ 6ಕ್ಕೆ 377ರಿಂದ ನಮ್ಮನ್ನು ಬಿಡಿಸಿದ ತೀರ್ಪಿಗೆ ನೀನು ಪೇಢೆ ಹಂಚಿದೆಯಲ್ಲ, ಅದನ್ನು ಓದು. ನಾಲ್ಸಾದ ಮಾತು ಎಷ್ಟು ಸಲ ಬರುತ್ತದೆ ನೋಡು. ಕರ್ನಾಟಕ 2021ರಲ್ಲಿ ಸರ್ಕಾರಿ ನೌಕರಿಯಲ್ಲಿ ಅವರಿಗೆ ಶೇ. 1ರಷ್ಟು ಮೀಸಲಾತಿ ಕೊಟ್ಟಿದ್ದಕ್ಕೆ ನಿನಗೆ ಹೊಟ್ಟೆಕಿಚ್ಚು. ಲೇ, ನೌಕರಿಗೆ ಅರ್ಜಿ ಹಾಕುವಾಗ ನಮ್ಮನ್ನು ಯಾರೂ ಕೇಳುವುದಿಲ್ಲ, ಶರ್ಟು ಪ್ಯಾಂಟು ಹಾಕಿಕೊಂಡು ಒಳಗೆ ಹೋಗುತ್ತೇವೆ. ಅವರು ಗೇಟಿನಲ್ಲೇ ನಿಲ್ಲಬೇಕು.

ಈ ರೋಗ ನಮ್ಮದು ಮಾತ್ರ ಅಲ್ಲ. ನ್ಯೂಯಾರ್ಕಿನಲ್ಲಿ ಪೊಲೀಸ್ ದಾಳಿಗೆ ಎದುರಾಗಿ ನಮ್ಮಂಥವರು ಎದ್ದ 1969ರ ಸ್ಟೋನ್‌ವಾಲ್ ಗಲಾಟೆ ಆದ ಮೇಲೆ, 1973ರ ಪ್ರೈಡ್ ಸಭೆಯಲ್ಲಿ ಟ್ರಾನ್ಸ್ ಹೋರಾಟಗಾರ್ತಿ ಸಿಲ್ವಿಯಾ ರಿವೇರಾ ಜೈಲಿನಲ್ಲಿರುವ ತಮ್ಮವರ ಬಗ್ಗೆ ಮಾತಾಡಲು ವೇದಿಕೆ ಹತ್ತಿದರೆ, ಕೆಳಗಿದ್ದ ನಮ್ಮಂಥವರೇ ಕೂಗಿ ಗದ್ದಲ ಮಾಡಿದರು. ಬೆಂಗಳೂರಿನ ಪ್ರೈಡ್ ಮೆರವಣಿಗೆಗೆ ಮೊದಲ ಸಲ ಹೋದಾಗ ಬಣ್ಣದ ಮುಖವಾಡ ಹಾಕಿಕೊಂಡಿದ್ದೆ ಅಂತ ನೀನೇ ಹೇಳಿದ್ದೆ. ಮುಂದೆ ತಮಟೆಗೆ ಬರಿ ಮುಖದಲ್ಲಿ ಕುಣಿಯುತ್ತಿದ್ದವರು ಯಾರು, ಅದನ್ನೂ ನೀನೇ ಹೇಳಿದ್ದೆ.

ಭರತ ಹುಣ್ಣಿಮೆಗೆ ರಜೆ ಹಾಕಿ ಬಾ, ಗುಡ್ಡಕ್ಕೆ ಹೋಗಿ ಬರೋಣ. ಹೋಗುವ ಮೊದಲು ಅದೇ ಅಂಗಡಿಯಲ್ಲಿ ಚಹಾ. ಆ ದೊಡ್ಡವರು ಈಗಲೂ ಬರುತ್ತಾರೆ, ಕೂದಲು ಬೆಳ್ಳಗಾಗಿದೆ. ಈ ಸಲ ಎದ್ದು ನಿಂತು ಮಾತಾಡಿಸಬೇಕು ಅಂತಿದ್ದೇನೆ, ಆಫೀಸಿನವರು ಇದ್ದರೂ. ಒಬ್ಬನೇ ಇದ್ದರೆ ಮತ್ತೆ ಕಪ್ಪಿನೊಳಗೆ ಮುಖ ಹಾಕಿಬಿಡುತ್ತೇನೇನೋ, ಅದಕ್ಕೇ ಕರೆಯುತ್ತಿದ್ದೇನೆ.

ಇಂತಿ ನಿನ್ನ ದೋಸ್ತ
(ಎಲ್ಲರೂ ಓದುವ ಕಡೆ ಹಾಕುತ್ತಿದ್ದೇನೆ, ಹೆಸರು ಹಾಕುವಷ್ಟು ಧೈರ್ಯ ಇನ್ನೂ ಬಂದಿಲ್ಲ)