ಮೂರನೇ ಗಡಿಯಾರ ತೆಗೆಯಬೇಡಿ: ಕಾಲಸಂಚಾರ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಕಾಲಸಂಚಾರ ಸಚಿವರೇ,

ನಮ್ಮ ಧಾರೆಯಿಂದ, ಅಂದರೆ ನಮ್ಮ ಕಾಲಪ್ರವಾಹದಿಂದ, ಸಮಾನಾಂತರವಾಗಿ ಹರಿಯುವ ಬೇರೆ ಧಾರೆಗಳಿಗೆ ಜನರನ್ನು ದಾಟಿಸುವ ಗಡಿಪದರದ ದಾಟುಕೋಣೆಗಳ ಬಗ್ಗೆ ನಿಮ್ಮ ಇಲಾಖೆ ಆಕ್ಷೇಪಣೆಗೆ ಬಿಟ್ಟಿರುವ ಕರಡು ನಿಯಮಗಳನ್ನು ಓದಿದೆವು. ಕೋಣೆಗೆ ಮೂರರಂತಿದ್ದ ಗಡಿಯಾರ ಇನ್ನು ಎರಡೇ ಸಾಕು, ಒಬ್ಬರು ದಾಟಿದ ಮೇಲಿನ ಬಿಡುವು 40 ನಿಮಿಷದ ಬದಲು 10 ನಿಮಿಷ, ಹರಿದ ಚೀಟಿಯ ಜಾಗಕ್ಕೆ ಕ್ಯೂಆರ್ ಕೋಡ್. ಸರತಿ ಉದ್ದವಾಗಿದೆ, ಜನ ಕಾದು ಬೇಸತ್ತಿದ್ದಾರೆ, ಒಪ್ಪಿದೆವು. ಆದರೆ ಈ ಮೂರೂ ಒಟ್ಟಿಗೆ ಜಾರಿಯಾದರೆ ತಪ್ಪು ಹೆಚ್ಚುವುದು ಮಾತ್ರವಲ್ಲ, ಆದ ತಪ್ಪು ಯಾರ ಕಣ್ಣಿಗೂ ಬೀಳುವುದಿಲ್ಲ.

ಪದರದಲ್ಲಿ ಒಂದು ಧಾರೆಯ ವಿಳಾಸವೆಂದರೆ ಅದರ ಸಮಯದ ಅಂತರ. ಅಕ್ಕಪಕ್ಕದ ಎರಡು ಧಾರೆಗಳ ನಡುವೆ ಇರುವುದು 5 ನ್ಯಾನೊಸೆಕೆಂಡ್ (ಸೆಕೆಂಡಿನ ನೂರು ಕೋಟಿಯಲ್ಲಿ ಐದು ಭಾಗ) ಅಷ್ಟೇ. ಸಾಮಾನ್ಯ ಕೋಆಕ್ಸಿಯಲ್ ಕೇಬಲ್ಲಿನಲ್ಲಿ ಸಂಕೇತ ಒಂದು ಮೀಟರ್ ಸಾಗಲು ಹೆಚ್ಚುಕಡಿಮೆ ಅಷ್ಟೇ ಹೊತ್ತು ಬೇಕು. ಹಾಳಾದ 2 ಮೀಟರ್ ಕೇಬಲ್ ತೆಗೆದು, ಕೈಗೆ ಸಿಕ್ಕಿತೆಂದು 3 ಮೀಟರಿನದನ್ನು ಹಾಕಿ, ವಿಳಂಬವನ್ನು ನಮೂದಿಸದೆ ಬಾಗಿಲು ತೆರೆದರೆ ಪ್ರಯಾಣಿಕ ಇಳಿಯುವುದು ಪಕ್ಕದ ಧಾರೆಯಲ್ಲಿ. ಕೇಬಲ್ಲಿನ ತಪ್ಪು ದೊಡ್ಡ ಪ್ರಯೋಗಶಾಲೆಗಳನ್ನೂ ಬಿಟ್ಟಿಲ್ಲ. 2011ರಲ್ಲಿ ಯುರೋಪಿನ ಆಪೆರಾ ಪ್ರಯೋಗದಲ್ಲಿ ನ್ಯೂಟ್ರಿನೊ ಎಂಬ ಸೂಕ್ಷ್ಮ ಕಣಗಳು ಬೆಳಕಿಗಿಂತ ಸುಮಾರು 60 ನ್ಯಾನೊಸೆಕೆಂಡ್ ಮುಂಚೆ ಬಂದಂತೆ ಕಂಡಿದ್ದಕ್ಕೆ ಮುಖ್ಯ ಕಾರಣ, ಸರಿಯಾಗಿ ಕೂರದ ಒಂದು ಫೈಬರ್ ಕೇಬಲ್.

ಇಂಥದ್ದನ್ನು ಹಿಡಿಯಲೆಂದೇ ಎರಡು ಸೀಸಿಯಂ ಗಡಿಯಾರ, ಒಂದು ಹೈಡ್ರೋಜನ್ ಮೇಸರ್ (ಎರಡೂ ಬಗೆಯವು ಪರಮಾಣು ಗಡಿಯಾರಗಳೇ) ಇಟ್ಟಿರುವುದು, ಮೂರಕ್ಕೂ ಬೇರೆ ಬೇರೆ ಕೇಬಲ್ ಎಳೆದಿರುವುದು. ಗಂಟೆಗಳ ಲೆಕ್ಕದಲ್ಲಿ ಮೇಸರ್ ಅಲುಗುವುದಿಲ್ಲ, ತಿಂಗಳುಗಳಲ್ಲಿ ಮೆಲ್ಲಗೆ ಜಾರುತ್ತದೆ. ಸೀಸಿಯಂ ಕ್ಷಣಕ್ಷಣಕ್ಕೆ ಕೊಂಚ ತುಯ್ದಾಡಿದರೂ ದೀರ್ಘಾವಧಿಯಲ್ಲಿ ದಾರಿ ತಪ್ಪುವುದಿಲ್ಲ. ಎರಡನೇ ಸೀಸಿಯಂ ಅನ್ನು ಕರಡು ‘ಹೆಚ್ಚುವರಿ’ ಎನ್ನುತ್ತದೆ. ಉಳಿದ ಎರಡು ಗಡಿಯಾರ ಒಂದಕ್ಕೊಂದು ಹೊಂದದಿದ್ದಾಗ ಸುಳ್ಳು ಹೇಳುತ್ತಿರುವುದು ಯಾವುದು? ಅದನ್ನು ಹೇಳಲು ಮೂರನೆಯದೇ ಬೇಕು. ಅದಿಲ್ಲದೆ ಪಾಳಿಯ ಸಿಬ್ಬಂದಿ ಒಂದನ್ನು ನಂಬಿ ಗುಂಡಿ ಒತ್ತಬೇಕಾಗುತ್ತದೆ.

ಇನ್ನು ಬಿಡುವಿನ ವಿಷಯ. ಒಬ್ಬರು ದಾಟಿದ ಮೇಲೆ ಪದರ ಹಾಲಿನ ಕೆನೆಯಂತೆ ಮತ್ತೆ ಕಟ್ಟಬೇಕು. ಪದರದ ಅಲುಗಾಟ ತೋರಿಸುವ ಪರದೆಯ ಮೇಲಿನ ಗೆರೆ ಎಂಟು–ಹತ್ತನೇ ನಿಮಿಷಕ್ಕೆ ನೆಟ್ಟಗಾಗುತ್ತದೆ ನಿಜ. ಕರಡು ಬರೆದವರು ನೋಡಿದ್ದು ಇಷ್ಟನ್ನೇ ಇರಬೇಕು. ಹದಿನೈದನೇ ನಿಮಿಷದ ಆಸುಪಾಸಿನಲ್ಲಿ ಆಚೆ ಬದಿಯ ಎಳೆತ ಹಿಂದಿರುಗಿ ಗೆರೆ ಇನ್ನೊಮ್ಮೆ ತೂಗುತ್ತದೆ, ಕೆಲವೊಮ್ಮೆ ಮೊದಲಿಗಿಂತ ಜೋರಾಗಿ. ಆ ಹೊತ್ತಿಗೆ ಇನ್ನೊಬ್ಬರು ಒಳಗಿದ್ದರೆ ಪದರ ಹರಿಯುತ್ತದೆ. ಸಾಮಾನು ಹೆಚ್ಚಿದ್ದರೆ 40 ನಿಮಿಷವೂ ಸಾಲದು.

ಕ್ಯೂಆರ್ ಕೋಡ್ ನೋಡಲು ಅಂದವಾಗಿದೆ, ಕೆಲಸಕ್ಕೆ ಬಾರದು. ಪಕ್ಕದ ಧಾರೆಯಲ್ಲೂ ಇದೇ ಕೋಣೆ, ಇದೇ ಸರ್ವರ್, ಇದೇ ಕ್ರಮಸಂಖ್ಯೆ. ದಾರಿ ತಪ್ಪಿ ಅಲ್ಲಿ ಇಳಿದವರ ಕೋಡನ್ನು ಅಲ್ಲಿನ ಯಂತ್ರ ಸಂತೋಷದಿಂದ ಒಪ್ಪಿಕೊಳ್ಳುತ್ತದೆ. ಚೀಟಿ ಹಾಗಲ್ಲ. ಹೊರಡುವಾಗ ಒರಟು ಕಾಗದವನ್ನು ಕೈಯಿಂದಲೇ ಹರಿದು, ಅರ್ಧ ಪ್ರಯಾಣಿಕರಿಗೆ, ಅರ್ಧ ರಿಜಿಸ್ಟರಿಗೆ. ಕತ್ತರಿ ಮುಟ್ಟಿಸಕೂಡದು, ಕತ್ತರಿಸಿದ ಅಂಚು ಎಲ್ಲಿಯಾದರೂ ಕೂಡಿಬಿಡುತ್ತದೆ. ಮರಳಿದಾಗ ಎರಡೂ ತುಂಡನ್ನು ಬೆಳಕಿಗೆ ಹಿಡಿದು ಜೋಡಿಸಿದರೆ ನಾರಿಗೆ ನಾರು ಸೇರಬೇಕು. ಬರಹ ಸರಿಯಿದ್ದು ಅಂಚಿನಲ್ಲಿ ಕೂದಲೆಳೆಯಷ್ಟು ಸಂದಿ ಕಂಡರೂ ಅವರು ನಮ್ಮ ಧಾರೆಯವರಲ್ಲ, ಒಳಬಾಗಿಲು ತೆರೆಯದೆ ವಾಪಸ್ ಕಳಿಸಬೇಕು. ಎರಡು ಧಾರೆಗಳಲ್ಲಿ ಹೆಸರು, ಮುಖ, ಸಹಿ ಒಂದೇ ಇರಬಹುದು, ಕಾಗದ ಒಂದೇ ರೀತಿ ಹರಿಯುವುದಿಲ್ಲ.

ಸಮಯ ಉಳಿಸಲೇಬೇಕಿದ್ದರೆ ಬೇರೆ ದಾರಿಯಿದೆ. ತೂಕ ನೋಡುವುದು, ಫೋನಿನ ಸಿಮ್ ತೆಗೆಸುವುದು, ಚಪ್ಪಲಿಯ ಮಣ್ಣು ಒರೆಸುವುದು ಈಗ ಕೋಣೆಯ ಒಳಗೇ ನಡೆಯುತ್ತಿವೆ. ಅವನ್ನು ಹೊರಗಿನ ಪಡಸಾಲೆಗೆ ತನ್ನಿ, ಪದರ ಕಟ್ಟುತ್ತಿರುವಾಗಲೇ ಮುಂದಿನವರು ಸಿದ್ಧರಾಗಿರುತ್ತಾರೆ. ಒಂದು ಎಚ್ಚರಿಕೆ: ಸುಮ್ಮನೆ ಕುಳಿತವರೂ ಉಸಿರು, ಚರ್ಮದ ಮೂಲಕ ಗಂಟೆಗೆ ಸುಮಾರು 30 ಗ್ರಾಂ ನೀರು ಕಳೆದುಕೊಳ್ಳುತ್ತಾರೆ. ಪಡಸಾಲೆಯ ತೂಕಕ್ಕೂ ಕೋಣೆಯ ತೂಕಕ್ಕೂ ಈ ವ್ಯತ್ಯಾಸ ಬಂದರೆ ಗಾಬರಿಯಾಗಿ ದಾಟು ರದ್ದು ಮಾಡಬಾರದು ಎಂದು ಸುತ್ತೋಲೆಯಲ್ಲೇ ಬರೆಯಿರಿ.

ಗಡಿಯಾರ ಮತ್ತು ಬಿಡುವಿನ ಎರಡು ತಿದ್ದುಪಡಿಗಳನ್ನು ಪೂರ್ತಿ ಕೈಬಿಡಿ. ಕ್ಯೂಆರ್ ಕೋಡ್ ಬೇಕಿದ್ದರೆ ಚೀಟಿಯ ಜೊತೆಗೆ ಇರಲಿ, ಲೆಕ್ಕಪತ್ರಕ್ಕೆ ಅನುಕೂಲ. ಹಾಗೆಯೇ ಅನುಬಂಧದಲ್ಲಿ ಕೇಬಲ್ ಉದ್ದ ‘ಸುಮಾರು 2 ಮೀಟರ್’ ಎಂದಿದೆ. ಅದನ್ನು ಸೆಂಟಿಮೀಟರಿನಲ್ಲಿ ನಿಗದಿ ಮಾಡಿ, ಕೇಬಲ್ ಬದಲಿಸಿದಾಗಲೆಲ್ಲ ವಿಳಂಬ ಅಳೆದು ಇಬ್ಬರು ಸಹಿ ಹಾಕಿದ ಮೇಲೆಯೇ ಬಾಗಿಲು ತೆರೆಯಬೇಕೆಂಬ ಸಾಲು ಸೇರಿಸಿ.

ಇಂತಿ,
ಗಡಿಪದರ ನಿರ್ವಹಣಾ ಸಿಬ್ಬಂದಿ