ಇನ್ಮೇಲೆ ಟ್ರೇಡ್‌ಸ್ಕ್ಯಾಂಶಿಯಾ ಪಾಟ್ ಕೊರಿಯರ್ ಮಾಡಲ್ಲ, ಕಟಿಂಗ್ಸ್ ಕಳಿಸ್ತೀವಿ

ನಮಸ್ಕಾರ,

ನಮ್ಮ ನರ್ಸರಿಯಿಂದ ಗಿಡ ತರಿಸ್ಕೊಳ್ಳೋ ಎಲ್ರಿಗೂ ಒಂದ್ ವಿಷಯ ತಿಳಿಸ್ಬೇಕಿತ್ತು. ಮುಂದಿನ ತಿಂಗಳು ಒಂದನೇ ತಾರೀಕಿಂದ ಟ್ರೇಡ್‌ಸ್ಕ್ಯಾಂಶಿಯಾ ಗಿಡಗಳನ್ನ, ಅಂದ್ರೆ ನೀವು ಆರ್ಡರ್ ಮಾಡುವಾಗ ವಾಂಡರಿಂಗ್ ಜ್ಯೂ, ಝೀಬ್ರಿನಾ, ನನೂಕ್, ಪರ್ಪಲ್ ಹಾರ್ಟ್ ಅಂತೆಲ್ಲ ಬರೀತೀರಲ್ಲ ಅವನ್ನ, ಪಾಟ್ ಸಮೇತ ಕೊರಿಯರ್ ಮಾಡೋದು ನಿಲ್ಲಿಸ್ತಾ ಇದೀವಿ. ಬದಲಿಗೆ ಬೇರಿಲ್ಲದ ಕಟಿಂಗ್ಸ್ ಬರುತ್ತೆ, ಒಂದ್ ವೆರೈಟಿಗೆ 8 ಕಟಿಂಗ್, 90 ರೂಪಾಯಿ. ಪಾಟ್‌ಗೆ 220 ಇತ್ತು. ಸಾಗರದ ಕಡೆ ಬಂದಾಗ ನರ್ಸರಿಗೇ ಬಂದು ತಗೊಂಡ್ ಹೋಗೋರಿಗೆ ಪಾಟ್ ಮೊದಲಿನ ಹಾಗೇ ಸಿಗುತ್ತೆ.

"ಬೇರೇ ಇಲ್ದಿರೋ ಕಡ್ಡಿಗೆ ದುಡ್ಡು ಯಾಕ್ ಕೊಡ್ಬೇಕು" ಅಂತ ಆಗ್ಲೇ ಇಬ್ರು ಫೋನ್ ಮಾಡಿ ಕೇಳಿದ್ರು. ಕೇಳೋದ್ರಲ್ಲಿ ತಪ್ಪೇನಿಲ್ಲ, ಅದಕ್ಕೇ ಬಿಡಿಸಿ ಬರೀತಿದೀವಿ.

ಹೋದ ಮೇ ತಿಂಗಳಲ್ಲಿ ಕಲಬುರಗಿಗೆ ಒಂದು ಝೀಬ್ರಿನಾ ಪಾಟ್ ಕಳಿಸಿದ್ವಿ. ಬಾಕ್ಸು ಐದು ದಿನ ದಾರೀಲೇ ಇತ್ತು, ಆ ಬಿಸಿಲಲ್ಲಿ. ತಗೊಂಡ ಮೇಡಂ ಫೋಟೋ ಕಳಿಸಿದ್ರು, ನೋಡಿ ತುಂಬಾ ಬೇಜಾರಾಯ್ತು: ಪಾಟ್ ಮಗುಚಿ ಮಣ್ಣೆಲ್ಲ ಎಲೆ ಮೇಲೆ, ಎಲೆ ಕೊಳೆತು ಕಪ್ಪಗೆ ಬಾಕ್ಸಿಗೆ ಅಂಟ್ಕೊಂಡಿತ್ತು. ಆದ್ರೆ ಬಾಕ್ಸಿನ ಮೂಲೇಲಿ, ಮಣ್ಣು ತಾಗದೇ ಇರೋ ಕಡೆ, ಮುರಿದು ಬಿದ್ದಿದ್ದ ಬೆರಳುದ್ದದ ಎರಡು ಕುಡಿ ಹಸಿರಾಗೇ ಇದ್ವು. ಅವರು ಅದನ್ನ ಸ್ಟೀಲ್ ಲೋಟದಲ್ಲಿ ನೀರು ಹಾಕಿ ಅಡುಗೆಮನೆ ಕಿಟಕೀಲಿ ಇಟ್ರಂತೆ, ಆರನೇ ದಿನ ಇನ್ನೊಂದು ಫೋಟೋ ಬಂತು, ಗೆಣ್ಣಿನ ಸುತ್ತ ಬಿಳಿ ದಾರದ ಹಾಗೆ ನಾಲ್ಕೈದು ಬೇರು. ನಾವು ಕಳಿಸಿದ ಗಿಡ ಸತ್ತಿತ್ತು, ಮುರಿದು ಬಿದ್ದ ಚೂರು ಬದುಕಿತ್ತು. ಅದಾದ್ಮೇಲೆ ಪಾಟ್ ಪ್ಯಾಕ್ ಮಾಡೋಕೆ ನಮಗೆ ಮನಸ್ಸೇ ಬರ್ಲಿಲ್ಲ.

ಈ ಗಿಡದ ಕಾಂಡದ ತುಂಬ ನೀರು, ಎಳೇ ಹುರುಳಿಕಾಯಿ ಮುರಿದ ಹಾಗೆ ಗೆಣ್ಣಲ್ಲಿ ಟಕ್ ಅಂತ ಮುರಿಯುತ್ತೆ. ಒದ್ದೆ ಮಣ್ಣಿನ ಜೊತೆ ಮುಚ್ಚಿದ ಬಾಕ್ಸಲ್ಲಿ ಇಟ್ರೆ ಬೆವೆತು ಕೊಳೆಯುತ್ತೆ, ಅದೇ ಒಣ ಪೇಪರಲ್ಲಿ ಸುತ್ತಿದ ಕಡ್ಡಿ ಸ್ವಲ್ಪ ಬಾಡಿದ್ರೂ ನಾಲ್ಕೈದು ದಿನ ತಡ್ಕೊಳುತ್ತೆ. ಹೊಲದಲ್ಲಿ ಕನ್ನೆ ಸೊಪ್ಪು ಕಿತ್ತು ಬದುವಿಗೆ ಎಸೆದ್ರೆ ಒಂದ್ ಮಳೆಗೆ ಅಲ್ಲೇ ಬೇರು ಬಿಟ್ಟು ಚಿಗುರೋದನ್ನ ನೋಡಿರ್ತೀರಲ್ಲ, ಇದೂ ಅದರ ದಾಯಾದಿನೇ, ಒಂದೇ ಕುಟುಂಬ. ಝೀಬ್ರಿನಾ ಮೂಲ ಮೆಕ್ಸಿಕೋ, ಮಧ್ಯ ಅಮೆರಿಕ ಕಡೇದು, ಆದ್ರೆ ಸ್ವಭಾವ ಮಾತ್ರ ನಮ್ಮ ಕನ್ನೆ ಸೊಪ್ಪಿಂದೇ.

ಪಾರ್ಸೆಲ್ ಬಂದ ದಿನವೇ ಬಿಚ್ಚಿ. ಕೆಳಗಿನ ಎರಡು ಎಲೆ ತೆಗೆದು ಗೆಣ್ಣು ಮುಳುಗೋ ಹಾಗೆ ನೀರಲ್ಲಿಡಿ, ಎರಡು ದಿನಕ್ಕೊಮ್ಮೆ ನೀರು ಬದಲಾಯಿಸಿ, ಬೇರು ಒಂದಿಂಚು ಆದ್ಮೇಲೆ ಎಂಟೂ ಕಟಿಂಗನ್ನ ಒಂದೇ ಪಾಟಲ್ಲಿ ಒತ್ತೊತ್ತಾಗಿ ನೆಡಿ. ಒಂದೊಂದು ಪಾಟಿಗೆ ಒಂದೊಂದು ನೆಟ್ರೆ ಎಷ್ಟ್ ದಿನ ಆದ್ರೂ ಬೋಳಾಗೇ ಕಾಣುತ್ತೆ. ನಾವು ಕೆಂಪು ಮಣ್ಣು, ಕೋಕೋಪೀಟ್ (ತೆಂಗಿನ ನಾರಿನ ಪುಡಿ), ಎರೆಗೊಬ್ಬರ ಸಮ ಹಾಕಿ ಒಂದ್ ಹಿಡಿ ಮರಳು ಸೇರಿಸ್ತೀವಿ, ತಳದಲ್ಲಿ ತೂತು ಇರ್ಲೇಬೇಕು. ಮೇಲಿನ ಮಣ್ಣು ಬೆರಳಿಗೆ ಒಣಗಿದೆ ಅನ್ಸಿದಾಗ ಮಾತ್ರ ನೀರು.

ಬೆಳಕಿನ ವಿಷಯದಲ್ಲೇ ಹೆಚ್ಚಿನವರು ಸೋಲೋದು. ಹ್ಯಾಂಗಿಂಗ್ ಗಿಡ ಅಂತ ಹಾಲ್ ಮೂಲೇಲಿ ನೇತು ಹಾಕ್ತಾರೆ, ಎರಡು ತಿಂಗಳಲ್ಲಿ ಬೆಳ್ಳಿ ಪಟ್ಟೆ ಮಂಕಾಗಿ, ಗೆಣ್ಣಿಂದ ಗೆಣ್ಣಿಗೆ ಉದ್ದ ಜಾಸ್ತಿಯಾಗಿ, ಬುಡದ ಎಲೆ ಒಣಗಿ ಬರೀ ಹಂಬು ನೇತಾಡುತ್ತೆ. ಬೆಳಗಿನ ಬಿಸಿಲು ಬರೋ ಪೂರ್ವದ ಕಿಟಕಿ ಇದಕ್ಕೆ ಬಹಳ ಚೆನ್ನಾಗಿ ಹೊಂದುತ್ತೆ. ಪರ್ಪಲ್ ಹಾರ್ಟ್ ಮಾತ್ರ ಬೇರೆ, ಅದು ಬಿಸಿಲಲ್ಲಿದ್ರೇನೇ ಬಣ್ಣ ಕಟ್ಟೋದು. ನನೂಕ್‌ನಲ್ಲಿ ಪೂರ್ತಿ ಹಸಿರು ಕುಡಿ ಬಂದ್ರೆ ಬುಡಕ್ಕೇ ಚಿವುಟಿ, ಬಿಟ್ರೆ ಅದೇ ಬಲವಾಗಿ ಬೆಳ್ದು ಗುಲಾಬಿ ಬಣ್ಣದ್ದು ಹಿಂದೆ ಬೀಳುತ್ತೆ. ಉಳಿದವನ್ನೂ ಧೈರ್ಯವಾಗಿ ಚಿವುಟಿ, ಚಿವುಟಿದ್ದನ್ನ ಅದೇ ಪಾಟಿಗೆ ಚುಚ್ಚಿ, ಹೀಗೆ ಮಾಡ್ತಿದ್ರೆ ಹೊಸ ಗಿಡ ಕೊಳ್ಳೋ ಅವಶ್ಯಕತೆನೇ ಬರಲ್ಲ.

ಎರಡು ಎಚ್ಚರಿಕೆ. ಕೆಲವರಿಗೆ ಇದರ ರಸ ತಾಗಿದ್ರೆ ಕೈ ತುರಿಸುತ್ತೆ, ನಾಯಿ ಬೆಕ್ಕುಗಳಿಗೂ ಹಾಗೇ, ಸಾಕಿರೋರು ಎಟುಕದ ಎತ್ತರದಲ್ಲಿ ಹಾಕಿ. ಇನ್ನೊಂದು, ಜಾಸ್ತಿಯಾಯ್ತು ಅಂತ ಹಳ್ಳದ ದಂಡೆಗೋ ತೋಟದ ಅಂಚಿಗೋ ದಯವಿಟ್ಟು ಎಸೀಬೇಡಿ. ನ್ಯೂಜಿಲೆಂಡ್, ಆಸ್ಟ್ರೇಲಿಯಾದಲ್ಲಿ ಟ್ರೇಡ್‌ಸ್ಕ್ಯಾಂಶಿಯಾದ್ದೇ ಇನ್ನೊಂದು ಬಗೆ, ಫ್ಲುಮಿನೆನ್ಸಿಸ್ ಅನ್ನೋದು, ಕಾಡಿನ ನೆಲಕ್ಕೆಲ್ಲ ಹಬ್ಬಿ ಅಲ್ಲಿನ ಸಸಿಗಳು ಮೇಲೇಳದ ಹಾಗೆ ಮಾಡಿದೆ. ನಮ್ಮ ಮಲೆನಾಡಲ್ಲಿ ನೆರಳು, ತೇವ ಎರಡಕ್ಕೂ ಕೊರತೆ ಇಲ್ಲ, ಅದಕ್ಕೇ ನಮಗೆ ಭಯ. ಕತ್ತರಿಸಿದ್ದನ್ನ ಬಿಸಿಲಲ್ಲಿ ಗರಿಗರಿ ಒಣಗಿಸಿ ಆಮೇಲೆ ಗೊಬ್ಬರದ ಗುಂಡಿಗೆ ಹಾಕಿ.

ಈ ತಿಂಗಳ ಕೊನೆಯೊಳಗೆ ಪಾಟಿಗೆ ದುಡ್ಡು ಕಟ್ಟಿರೋರು ಕಟಿಂಗ್ಸ್ ತಗೊಂಡು ಉಳಿದ ಹಣ ವಾಪಸ್ ಪಡೀಬಹುದು, ಇಲ್ಲಾ ಪಾಟೇ ಬೇಕು ಅಂದ್ರೆ ಕೊನೇ ಸಲ ಅಂತ ಕಳಿಸ್ಕೊಡ್ತೀವಿ. ಭಾನುವಾರ ಗೋಡೌನಲ್ಲಿ ಸಿಕ್ಕಾಕ್ಕೊಳ್ಬಾರ್ದು ಅಂತ ಸೋಮವಾರ, ಮಂಗಳವಾರ ಮಾತ್ರ ಡಿಸ್ಪ್ಯಾಚ್. ಕಟಿಂಗ್ ಕಪ್ಪಾಗಿ ಬಂದಿದ್ರೆ ಎರಡು ದಿನದೊಳಗೆ ಫೋಟೋ ಹಾಕಿ, ಮತ್ತೆ ಕಳಿಸ್ತೀವಿ, ಕೊರಿಯರ್ ಚಾರ್ಜೂ ನಮ್ಮದೇ.

ಇಂತಿ,
ನಿಮ್ಮ ನರ್ಸರಿಯವರು, ಸಾಗರ